ಗಂಟು ಹೊತ್ತವಳಿಗೆ ಜಾಗ

ನಾಟಕ ಕಂಪನಿಗೆ ಸೇರಿದ ಮೊದಲ ವಾರದಲ್ಲೇ ತನುಜಾಗೆ ಒಂದು ವಿಷಯ ತಿಳಿದುಹೋಯಿತು. ಇಲ್ಲಿ ರಂಗದ ಮೇಲೆ ಸುಮ್ಮನಿರುವಂತಿಲ್ಲ. ಒಂದು ಮಾತಿಗೂ ಇನ್ನೊಂದಕ್ಕೂ ನಡುವೆ ಉಸಿರೆಳೆದುಕೊಳ್ಳುವಷ್ಟು ಬಿಡುವಾದರೂ ಸಾಕು, ರಂಗದ ಮುಂದಿನ ತಗ್ಗಿನಲ್ಲಿ ಕೂತ ಪೇಟಿ ಮಾಸ್ತರ ವಾಸಪ್ಪ ಹಾರ್ಮೋನಿಯಂ ಮೇಲಿಂದ ತಲೆಯೆತ್ತಿ ನೋಡುತ್ತಿದ್ದ. ಎರಡನೇ ಉಸಿರಿಗೆ ಮುಂದಿನ ಮಾತಿನ ಮೊದಲ ಪದ ಅವನ ತುಟಿಯಿಂದ ಹಾರಿ ಬರುತ್ತಿತ್ತು. ಮೂರನೆಯದಕ್ಕೆ ಬೆರಳುಗಳು ತಾವಾಗಿ ಓಡತೊಡಗುತ್ತಿದ್ದವು. ಮಾತು ಮರೆತವರನ್ನು ಜನರ ಕಣ್ಣೆದುರು ಒಂಟಿಯಾಗಿ ನಿಲ್ಲಗೊಡಬಾರದು ಎಂಬುದು ಅವನು ನಲವತ್ತು ವರ್ಷಗಳಿಂದ ಪಾಲಿಸಿಕೊಂಡು ಬಂದ ವ್ರತ.

ಸಾಗರ ಪೇಟೆಯ ಅಂಚಿನ ಮೈದಾನದಲ್ಲಿ ಆ ತಗಡಿನ ಥೇಟರು ಎದ್ದು ಎರಡು ತಿಂಗಳಾಗಿತ್ತು. ಗದಗಿನ ಕಡೆಯ ಕಂಪನಿ. ‘ಅತ್ತೆಗೊಂದು ಸ್ಮಾರ್ಟ್‌ಫೋನು’ ಎಂಬ ನಗೆನಾಟಕ, ಮಧ್ಯಾಹ್ನ ಮೂರಕ್ಕೊಂದು ಆಟ, ಸಂಜೆ ಆರೂವರೆಗೊಂದು. ಅತ್ತೆಯ ಪಾತ್ರದವಳು ಕ್ಯಾಂಪಿನ ನಡುವೆ ಬಿಟ್ಟುಹೋದಾಗ, ಎರಡು ದಿನದಲ್ಲಿ ಮಾತು ಬಾಯಿಪಾಠ ಮಾಡಬಲ್ಲ ಹೆಂಗಸರು ಊರಲ್ಲಿ ಯಾರಾದರೂ ಇದ್ದಾರೆಯೇ ಎಂದು ಮಾಲೀಕ ಶಿವಮೂರ್ತಿ ವಿಚಾರಿಸಿದ. ಯಾರೋ ತನುಜಾಳ ಹೆಸರು ಹೇಳಿದರು. ನಲವತ್ತಾರು ವರ್ಷದ ತನುಜಾ ಆಗ ಪೇಟೆಯ ಬಟ್ಟೆ ಅಂಗಡಿಯೊಂದರಲ್ಲಿ, ಗಿರಾಕಿಗಳು ಬೇಡವೆಂದು ಬಿಟ್ಟ ಸೀರೆಗಳನ್ನು ಮಡಚಿಡುವ ಕೆಲಸದಲ್ಲಿದ್ದಳು. ಮದುವೆಯಾಗಿರಲಿಲ್ಲ. ಮನೆ ಎಂದರೆ ಬಾಡಿಗೆಯ ಒಂದು ಕೋಣೆ. ಎರಡು ದಿನ ಬೇಕಾಗಲಿಲ್ಲ, ಒಂದೇ ದಿನದಲ್ಲಿ ಅತ್ತೆ ಸಿದ್ಧಳಾದಳು.

ಅದಕ್ಕೂ ಮುಂಚೆ ಹದಿನೇಳು ವರ್ಷ ಅವಳು ಬೀದಿನಾಟಕ ಆಡಿದ್ದಳು. ತೀರ್ಥಹಳ್ಳಿಯ ಕಾಲೇಜಿನಲ್ಲಿ ಪಾಠ ಮಾಡುತ್ತಿದ್ದ ಸುಬ್ಬಕೃಷ್ಣ ಕಟ್ಟಿದ ತಂಡ, ಒಂಬತ್ತು ಜನ. ಮೂರು ತಾಲ್ಲೂಕುಗಳಲ್ಲಿ ಅವರು ಹೋಗದ ಬಸ್‌ಸ್ಟ್ಯಾಂಡ್ ಇರಲಿಲ್ಲ, ಆಡದ ಶಾಲೆ ಅಂಗಳ ಇರಲಿಲ್ಲ. ಟಿಕೆಟ್ ಇಲ್ಲ, ಮೈಕ್ ಇಲ್ಲ, ಯಾರ ಹೆಸರೂ ಹೇಳುವ ಹಾಗಿಲ್ಲ. ನಾಟಕ ಮುಗಿದ ಮೇಲೆ ಕೈಮುಗಿದು ನಿಲ್ಲುವುದೂ ಇಲ್ಲ. ಜನರ ಜೊತೆ ನೆಲದ ಮೇಲೆ ಕೂತು ಮಾತಾಡಬೇಕು, ಅಷ್ಟೆ. ಅವರು ಹೆಚ್ಚು ಆಡಿದ್ದು ‘ಹಕ್ಕುಪತ್ರ’ ಎಂಬ ನಾಟಕ. ಶರಾವತಿಯ ಹಿನ್ನೀರಿಗೆ ಊರು ಬಿಟ್ಟು ಬಂದ ಒಬ್ಬ ಹೆಂಗಸು ಉಳಿದ ಆಯುಷ್ಯವನ್ನೆಲ್ಲ ಕಚೇರಿಯಿಂದ ಕಚೇರಿಗೆ ಅಲೆಯುತ್ತ ಕಳೆಯುವ ಕತೆ. ಅರ್ಧ ಕತೆ ತನುಜಾಳ ಅಜ್ಜಿ ಗುತ್ಯಮ್ಮನದು. ಮುಳುಗಿದ ಊರಿನಿಂದ ಅವರನ್ನು ಲಾರಿಯಲ್ಲಿ ತಂದು ಕಾಡಿನ ಬದಿ ಇಳಿಸಿದ್ದರಂತೆ. ಮೊಮ್ಮಗಳು ಕೇಳಿದಾಗಲೆಲ್ಲ ಅಜ್ಜಿ ನೀರಿನ ಸುದ್ದಿಯನ್ನೇ ಎತ್ತುತ್ತಿರಲಿಲ್ಲ. ದಾರಿಯುದ್ದ ಎಷ್ಟೋ ಮನೆ ಮುಂದೆ ನಿಂತೆವು, ಯಾರ ಬಾಯಲ್ಲೂ ಕೂರಿ ಎನ್ನುವ ಮಾತು ಬರಲಿಲ್ಲ ಎನ್ನುತ್ತಿದ್ದಳು.

ಕಡೆಯ ದೃಶ್ಯ ಅದರಿಂದಲೇ ಹುಟ್ಟಿತು. ಗಂಟು ಹೊತ್ತ ಹೆಂಗಸು ಜನರ ವರ್ತುಲದೊಳಗೆ ಒಂದು ಸುತ್ತು ಬರುತ್ತಾಳೆ. ನಡುವೆ ನಿಂತು “ನಾನೆಲ್ಲಿ ಕೂರ್ಲಿ?” ಎನ್ನುತ್ತಾಳೆ. ಆಮೇಲೆ ಮಾತಿಲ್ಲ. ನೋಡುವವರಲ್ಲಿ ಯಾರಾದರೂ ಸರಿದು, ಬಾ ಇಲ್ಲಿ ಕೂರು ಎನ್ನುವ ತನಕ ಅವಳು ಅಲ್ಲೇ ನಿಲ್ಲುತ್ತಾಳೆ. ಯಾರಾದರೂ ಕರೆದರೆ ಹೋಗಿ ಕೂರುತ್ತಾಳೆ, ನಾಟಕ ಮುಗಿಯುತ್ತದೆ.

ಮೊಟ್ಟಮೊದಲ ಆಟದಲ್ಲಿ ಮಾತ್ರ ಯಾರೂ ಕರೆದಿರಲಿಲ್ಲ. ಕೊನೆಗೆ ಸುಬ್ಬಕೃಷ್ಣರೇ ಚಪ್ಪಾಳೆ ತಟ್ಟಿ ಮುಗಿಸಬೇಕಾಯಿತು. ಅವತ್ತು ತನುಜಾ ಊಟ ಮಾಡಲಿಲ್ಲ. ಎರಡನೇ ಆಟದಲ್ಲಿ ಒಬ್ಬ ಮುದುಕ ಕರೆದ. ಆಮೇಲೆ ಒಂದು ಸಲವೂ ತಪ್ಪಲಿಲ್ಲ. ತೀರ್ಥಹಳ್ಳಿಯಲ್ಲಿ ಆಟೋದವನೊಬ್ಬ ತನ್ನ ಆಟೋದ ಸೀಟು ಕೊಡವಿ ಬಾರಕ್ಕ ಎಂದಿದ್ದ. ಅರಳಸುರಳಿಯಲ್ಲಿ ಒಬ್ಬ ಹೆಂಗಸು ಏನೂ ಹೇಳದೆ ಎದ್ದು ಬಂದು ಕೈಹಿಡಿದು ಕರೆದೊಯ್ದು ಕೂರಿಸಿಕೊಂಡಿದ್ದಳು. ನಾಟಕ ಮುಗಿದ ಮೇಲೂ ಕೈ ಬಿಟ್ಟಿರಲಿಲ್ಲ. ಕೇಳುವುದನ್ನು ತಾನು ಕಲಿತೆ ಎಂದು ತನುಜಾ ಒಳಗೊಳಗೇ ಹೆಮ್ಮೆಪಟ್ಟುಕೊಂಡಿದ್ದಳು. ತಂಡ ಚದುರಿ, ಒಬ್ಬೊಬ್ಬರೂ ತಮ್ಮ ತಮ್ಮ ದಾರಿ ಹಿಡಿದು, ಸೀರೆ ಮಡಚುವ ದಿನಗಳು ಬಂದಾಗಲೂ ಅವಳ ಬಳಿ ಉಳಿದದ್ದು ಆ ಮುಖಗಳು. ಸಂಜೆ ಕೋಣೆಗೆ ಬಂದು ಅನ್ನಕ್ಕಿಟ್ಟು, ಅದು ಬೇಯುವ ತನಕ ಒಂದೊಂದನ್ನೇ ನೆನೆಯುತ್ತಿದ್ದಳು.

ಜನವರಿ ಕೊನೆಗೆ ಅತ್ತೆಯ ಸ್ಮಾರ್ಟ್‌ಫೋನಿಗೆ ಜನ ಕಮ್ಮಿಯಾದರು. ಈ ಊರಿನದ್ದೇ ಏನಾದರೂ ಆಡಿದರೆ ಹೇಗೆ ಎಂದು ಶಿವಮೂರ್ತಿ ಯೋಚಿಸುತ್ತಿದ್ದಾಗ, ತನುಜಾ ಬಣ್ಣದ ಕೋಣೆಯಲ್ಲಿ ಪುಷ್ಪಮ್ಮನಿಗೆ ‘ಹಕ್ಕುಪತ್ರ’ದ ಒಂದು ತುಂಡು ಆಡಿ ತೋರಿಸಿದ್ದು ಅವನ ಕಿವಿಗೆ ಬಿತ್ತು. ಪುಷ್ಪಮ್ಮ ಕಂಪನಿಯ ಹಿರಿಯ ನಟಿ, ತನುಜಾಳ ಪಕ್ಕದ ಕನ್ನಡಿಯವಳು; ಮೀಸೆಯ ಅಂಟಿನ ತುರಿಕೆಯಿಂದ ಹಿಡಿದು ಎದೆನೋವಿನವರೆಗೆ ಎಲ್ಲದಕ್ಕೂ ಔಷಧ ಇಟ್ಟುಕೊಂಡವಳು. ಅವಳು ಕಣ್ಣೊರೆಸಿಕೊಂಡಳಂತೆ. ಅದನ್ನು ಕೇಳಿದ ಶಿವಮೂರ್ತಿ ಮಂಗಳವಾರ, ಬುಧವಾರದ ಸಂಜೆಗಳನ್ನು ಆ ನಾಟಕಕ್ಕೆ ಬಿಟ್ಟುಕೊಡುತ್ತೇನೆಂದ. ಎರಡು ಹಾಡು ಬೇಕು, ತನಗೊಂದು ನಗೆಪಾತ್ರ ಬೇಕು ಎಂಬುದು ಅವನ ಕರಾರು. ಕಂಪನಿಯಲ್ಲಿ ಮಾಲೀಕನೇ ಹಾಸ್ಯಗಾರ.

ಹಾಡು ಹಾಕಿಕೊಳ್ಳಿ, ನಗಿಸಿ, ಕಡೆಯ ದೃಶ್ಯ ಮಾತ್ರ ಮುಟ್ಟಬೇಡಿ ಎಂದಳು ತನುಜಾ. ಅವನು ಒಪ್ಪಿದ. ಆ ಕ್ಷಣದಿಂದ ಅವಳಿಗೆ ಬೇರೆ ಯೋಚನೆಯೇ ಉಳಿಯಲಿಲ್ಲ. ಟಿಕೆಟ್ ಕೊಂಡು ಕುರ್ಚಿಯಲ್ಲಿ ಕೂತವರಲ್ಲಿ ಒಬ್ಬರಾದರೂ ಅವಳನ್ನು ಕರೆದರೆ, ಅವಳು ಕಂಪನಿಗೆ ಬಂದದ್ದು ತಪ್ಪಲ್ಲ; ಹದಿನೇಳು ವರ್ಷವನ್ನು ಮಾರಿಕೊಂಡ ಹಾಗಲ್ಲ. ಕರೆಯದಿದ್ದರೆ? ಅದನ್ನು ಅವಳು ಯೋಚಿಸಲಿಲ್ಲ. ಆ ಮೊದಲ ಆಟವೊಂದನ್ನು ಬಿಟ್ಟರೆ ಕರೆಯದೆ ಇದ್ದದ್ದು ಎಲ್ಲಿ?

ಭಾನುವಾರ ಮಧ್ಯಾಹ್ನದ ಆಟಕ್ಕೆ ರಜೆ ಹೇಳಿ, ಬೆಳಗಿನ ಬಸ್ಸಿಗೆ ತೀರ್ಥಹಳ್ಳಿಗೆ ಹೋದಳು. ಸುಬ್ಬಕೃಷ್ಣರು ನಿವೃತ್ತರಾಗಿ ತುಂಗೆಯ ಸೇತುವೆಯಿಂದ ಸ್ವಲ್ಪ ಈಚೆ ಒಂದು ಮಹಡಿ ಮನೆಯಲ್ಲಿದ್ದರು. ಬಾಗಿಲು ತೆಗೆದವರು ಒಳಗೆ ತಿರುಗಿ ಹೆಂಡತಿಗೆ ತಮ್ಮ ಮನೆಮಾತಿನಲ್ಲಿ, “ಭಾಗೀರಥಿ, ತನುಜಾ ಬಂದಿದ್ದು, ಒಂಚೂರು ಚಾ ಮಾಡು,” ಎಂದರು. ಅವಳು ಕಂಪನಿ ಸೇರಿದ ಸುದ್ದಿ ಅವರಿಗೆ ಗೊತ್ತಿತ್ತು. ಅದರ ಬಗ್ಗೆ ಏನೂ ಕೇಳಲಿಲ್ಲ. ಮೊಣಕಾಲು ನೋವಿನ ಬಗ್ಗೆ, ಕಪಾಟಿನ ಪುಸ್ತಕಗಳಿಗೆ ಹಿಡಿದ ಗೆದ್ದಲಿನ ಬಗ್ಗೆ ಮಾತಾಡಿದರು. ಮಾತು ಮುಗಿದು ಚಾ ಬಂದಾಗ ತನುಜಾ ವಿಷಯ ಎತ್ತಿದಳು.

“ನಾಟಕ ನಂದಲ್ಲ ತನುಜಾ, ಒಂಬತ್ತು ಜನದ್ದು,” ಎಂದರು ಅವರು. “ನಾನು ಹ್ಞೂಂ ಅನ್ನಕ್ಕೂ ಬರಲ್ಲ, ಬೇಡ ಅನ್ನಕ್ಕೂ ಬರಲ್ಲ.”

“ನೋಡಕ್ಕಾದ್ರೂ ಬನ್ನಿ ಮೇಷ್ಟ್ರೇ.”

“ಟಿಕೆಟ್ ತಗಂಡು?”

ಭಾಗೀರಥಮ್ಮ ಗಂಡನ ಮುಖ ನೋಡಿದರು. ಸುಬ್ಬಕೃಷ್ಣರು ಕಪ್ಪು ಕೆಳಗಿಟ್ಟು, ಜನ ಹಣ ಕೊಟ್ಟು ಬಂದರೆ ಕೊಟ್ಟಿದ್ದಕ್ಕೆ ತಕ್ಕದ್ದು ಕೇಳುತ್ತಾರೆ, ನಾವು ಅವರಿಗೆ ಹಿಡಿಸದೇ ಇರುವುದನ್ನು ಕೊಡುತ್ತಿದ್ದೆವು, ಅದಕ್ಕೇ ಟಿಕೆಟ್ ಇಡಲಿಲ್ಲ ಎಂದು ತರಗತಿಯಲ್ಲಿ ಹೇಳುವ ಹಾಗೆ ಹೇಳಿದರು. ತನುಜಾ ಈ ಮಾತನ್ನು ನೂರು ಸಲ ಕೇಳಿದ್ದಳು, ತಾನೂ ಹತ್ತು ಕಡೆ ಹೇಳಿದ್ದಳು. ಎದ್ದು ಹೊರಟಾಗ ಅವರು ಮೆಟ್ಟಿಲ ತನಕ ಬಂದರು.

“ಆಡೋದಾದ್ರೆ ಆಡು. ಕಡೇ ದೃಶ್ಯ ಒಂದು ಬಿಟ್ಬಿಡು.”

“ಯಾಕೆ?”

“ಅಲ್ಲಿ ಅದು ನಡೆಯಲ್ಲ.”

“ಹದಿನೇಳು ವರ್ಷ ನಡೆದಿದ್ಯಲ್ಲ ಮೇಷ್ಟ್ರೇ.”

ಸುಬ್ಬಕೃಷ್ಣರು ಕನ್ನಡಕ ತೆಗೆದು ಪಂಚೆಯ ಅಂಚಿನಿಂದ ಒರೆಸತೊಡಗಿದರು. ಅದು ಹೊಟ್ಟೆಕಿಚ್ಚು ಎಂದುಕೊಂಡಳು ತನುಜಾ. ಕೆಳಗಿಳಿಯುವಾಗ ಹಾಗೆ ಅಂದುಕೊಂಡದ್ದಕ್ಕೆ ನಾಚಿಕೆಯೂ ಆಯಿತು.

ಹಿಂದಿರುಗುವಾಗ ಹೊಸನಗರದಲ್ಲಿ ಇಳಿದಳು. ತಂಡದಲ್ಲಿ ತಮಟೆ ಬಾರಿಸುತ್ತಿದ್ದ ಕುಮಾರ ಬಸ್‌ಸ್ಟ್ಯಾಂಡಿನಲ್ಲೇ ಸಿಕ್ಕಿದ. ಅವಳಿಗಿಂತ ಎಂಟು ವರ್ಷ ಚಿಕ್ಕವನು. ಆಗೆಲ್ಲ ಬೆಳಿಗ್ಗೆ ಎಲ್ಲರಿಗಿಂತ ಮುಂಚೆ ಊರಿಗೆ ಹೋಗಿ ಜಾಗ ನೋಡುವುದು, ಊರವರಿಗೆ ಹೇಳುವುದು ಅವನ ಕೆಲಸವಾಗಿತ್ತು. ಈಗ ಯಾವುದೋ ಇಲಾಖೆಯ ಟೋಪಿ ಹಾಕಿಕೊಂಡು, ಇನ್ನಿಬ್ಬರ ಜೊತೆ ಯೋಜನೆಗಳ ಪ್ರಚಾರದ ಬೀದಿನಾಟಕ ಆಡುತ್ತಿದ್ದ.

“ಇವತ್ತು ಎಂತ ನಾಟಕನೋ?”

“ಡೆಂಗ್ಯೂ, ತನಕ್ಕ. ನಾನೇ ಸೊಳ್ಳೆ.”

ಇಬ್ಬರೂ ನಕ್ಕರು. ಕ್ಯಾಂಟೀನಿನಲ್ಲಿ ಕೂತು ಅವಳು ಎಲ್ಲ ಹೇಳಿದಳು. ತಮಟೆ ಹಿಡಿದುಕೊಂಡು ಬಾ, ಮೊದಲಿನ ಹಾಗೆ ನೀನು ಬಾರಿಸಿದರೆ ಅರ್ಧ ಭಾರ ಇಳಿಯುತ್ತದೆ ಎಂದಳು. ಕುಮಾರ ಟೋಪಿ ತೆಗೆದು ತಲೆ ಕೆರೆದುಕೊಂಡ. ಕಂಪನಿಯ ರಂಗ ಹತ್ತಿದರೆ ಮೇಷ್ಟ್ರು ಆಮೇಲೆ ತನ್ನ ಮುಖ ನೋಡುವುದಿಲ್ಲ ಎಂದ.

“ಬರ್ತೀನಿ ಬೇಕಾದ್ರೆ. ಕೆಳಗೆ ಜನದ ಮಧ್ಯೆ ಕೂತ್ಕತೀನಿ.”

ಅವಳಿಗೆ ಸಿಟ್ಟು ಬಂತು. ನೋಡುವವರು ಬೇಕಾದಷ್ಟು ಜನ ಇದ್ದಾರೆ, ರಂಗಕ್ಕೆ ಬರುವುದಾದರೆ ಬಾ, ಇಲ್ಲವಾದರೆ ನಿನ್ನ ಸೊಳ್ಳೆಯನ್ನೇ ಆಡಿಕೊಂಡಿರು ಎಂದಳು. ಕುಮಾರ ಮತ್ತೇನೋ ಹೇಳಲು ಹೊರಟವನು ಗ್ಲಾಸಿನ ತಳದ ಸಕ್ಕರೆ ಕಲಕತೊಡಗಿದ. ಸಾಗರದ ಬಸ್ಸು ಬಂದಿತು. ಕಿಟಕಿಯ ಪಕ್ಕದ ಸೀಟು ಸಿಕ್ಕಿತು. ಒಂಬತ್ತು ಜನ ಒತ್ತೊತ್ತಿ ಕೂತು ಹಾಡಿಕೊಂಡು ಹೋಗುತ್ತಿದ್ದ ದಾರಿ. ಪಕ್ಕದ ಸೀಟಿಗೆ ಊರು ಮುಟ್ಟುವವರೆಗೂ ಯಾರೂ ಬರಲಿಲ್ಲ.

ತಾಲೀಮು ಮಾತ್ರ ಅವಳು ಹೆದರಿದ್ದಷ್ಟು ಕೆಟ್ಟದಾಗಲಿಲ್ಲ. ಶಿವಮೂರ್ತಿ ತನಗೆ ಸರ್ವೆಯರ್ ಪಾತ್ರ ಮಾಡಿಕೊಂಡ. ಅವನು ಟೇಪು ಹಿಡಿದು ಆ ಹೆಂಗಸಿನ ಗಂಟಿನ ಉದ್ದಗಲ ಅಳೆದು, “ಒಟ್ಟ ಎರಡ ಗುಂಟೆ, ಇದರಾಗ ಒಂದ ಗುಂಟೆ ಅರಣ್ಯ,” ಎಂದಾಗ ತನುಜಾಗೇ ನಗು ತಡೆಯಲಾಗಲಿಲ್ಲ. ಇದೇ ವಿಷಯಕ್ಕೆ ಅವರ ತಂಡದಲ್ಲಿ ಒಂದೂವರೆ ಪುಟದ ಭಾಷಣ ಇತ್ತು. ಆ ಭಾಷಣದ ವೇಳೆಗೇ ಜನ ಬೀಡಿ ಹಚ್ಚಿಕೊಳ್ಳುತ್ತಿದ್ದರು ಎಂಬುದು ಈಗ, ಇಷ್ಟು ವರ್ಷದ ಮೇಲೆ, ಅವಳಿಗೆ ನೆನಪಾಯಿತು. ಕಡೆಯ ದೃಶ್ಯವನ್ನು ಮಾತ್ರ ಅವಳು ತಾಲೀಮಿನಲ್ಲಿ ಆಡಿ ತೋರಿಸಲಿಲ್ಲ; ಕರೆಯುವ ಜನರಿಲ್ಲದೆ ಅದನ್ನು ಆಡುವುದು ಹೇಗೆ?

ಮುಂದಿನ ವಾರದ ಮಂಗಳವಾರ ಸಂಜೆ ಥೇಟರಿನ ಮುಕ್ಕಾಲು ತುಂಬಿತ್ತು. ಮುಂದೆ ಪ್ಲಾಸ್ಟಿಕ್ ಕುರ್ಚಿಗಳು, ಹಿಂದೆ ಬೆಂಚುಗಳು. ಮೊದಲ ಹಾಡಿಗೆ ಒನ್ಸ್‌ಮೋರ್ ಬಂತು. ಸರ್ವೆಯರ್ ಬಂದಾಗ ತಗಡು ನಡುಗುವ ಹಾಗೆ ನಕ್ಕರು. ಕಚೇರಿಯ ದೃಶ್ಯದಲ್ಲಿ ತನುಜಾ ಅರ್ಜಿ ಹಿಡಿದು ಮೂರನೇ ಸಲ ಅದೇ ಕಿಟಕಿಗೆ ಬಂದಾಗ ನಗು ತಾನಾಗಿ ನಿಂತು, ಯಾರೋ ಒಬ್ಬರು ಥೂ ಎಂದದ್ದು ಸ್ಪಷ್ಟವಾಗಿ ಕೇಳಿಸಿತು. ಎಲ್ಲ ಸರಿಯಾಗಿತ್ತು. ಗಂಟು ಹೊತ್ತು ಕಡೆಯ ಸಲ ರಂಗಕ್ಕೆ ಬರುವಾಗ ಅವಳ ಎದೆ ಹಗುರವಾಗಿತ್ತು.

ಸುತ್ತು ಬರಲು ವರ್ತುಲವಿರಲಿಲ್ಲ. ರಂಗದ ಈ ತುದಿಯಿಂದ ಆ ತುದಿಗೆ ನಡೆದಳು. ನಡುವೆ ಬಂದು ನಿಂತಳು.

“ನಾನೆಲ್ಲಿ ಕೂರ್ಲಿ?”

ಮೊದಲ ಉಸಿರು. ಮುಂದಿನ ಸಾಲಿನ ಮುಖಗಳು ಅವಳನ್ನೇ ನೋಡುತ್ತಿದ್ದವು, ಮುಂದಿನ ಮಾತಿಗಾಗಿ ಕಾಯುತ್ತ. ಎರಡನೇ ಉಸಿರು. ವಾಸಪ್ಪ ತಲೆಯೆತ್ತಿದ. ಅವನ ಬಳಿ ಎಸೆಯಲು ಪದವಿರಲಿಲ್ಲ. ಬರೆದುಕೊಂಡ ಪುಸ್ತಕದಲ್ಲಿ ಅಲ್ಲಿಗೆ ಮಾತು ಮುಗಿದಿತ್ತು. ಗಾಬರಿಯಾಗಿ ಅವಳ ಪ್ರಶ್ನೆಯನ್ನೇ ಅವಳಿಗೆ ಪಿಸುಗುಟ್ಟಿದ. ಹಿಂದಿನ ಬೆಂಚಿನಿಂದ ಯಾರೋ ಕೆಮ್ಮಿದರು. ಹಾರ್ಮೋನಿಯಂ ಶುರುವಾಯಿತು. ಅದು ಶುರುವಾದದ್ದೇ ಪಕ್ಕದ ಪರದೆಯಿಂದ ಸರ್ವೆಯರ್ ವೇಷದ ಶಿವಮೂರ್ತಿ ಒಂದು ಕುರ್ಚಿ ಎತ್ತಿಕೊಂಡು ಓಡಿಬಂದ. ಅವಳ ಹಿಂದೆ ಅದನ್ನಿಟ್ಟು, ಟೇಪಿನಿಂದ ಅಳೆದು, “ಕೂಡಬೇ ಯವ್ವಾ, ಒಂದೂವರೆ ಫೂಟು. ಹಕ್ಕುಪತ್ರ ಮಾತ್ರ ಕೇಳಬ್ಯಾಡ,” ಎಂದ.

ನಗು ಎದ್ದ ರಭಸಕ್ಕೆ ತನುಜಾ ಕೂತೇಬಿಟ್ಟಳು. ಪರದೆ ಬಿತ್ತು. ಪರದೆಯ ಆಚೆ ಚಪ್ಪಾಳೆ ನಿಲ್ಲಲೇ ಇಲ್ಲ.

ಯಾರೂ ತಪ್ಪು ಮಾಡಿರಲಿಲ್ಲ. ಪುಷ್ಪಮ್ಮ ಬೆನ್ನು ಸವರಿದಳು, ಎಲ್ಲರಿಗೂ ಒಂದು ದಿನ ಮಾತು ಮರೆತುಹೋಗುತ್ತದೆ ಎಂದಳು. ಶಿವಮೂರ್ತಿ ಬೆವರೊರೆಸಿಕೊಳ್ಳುತ್ತ, ಹೇಗೆ ಕಾಪಾಡಿದೆ ನೋಡಿ ಎಂಬಂತೆ ನಕ್ಕ. ಅದು ಮರೆವಲ್ಲ ಎಂದು ಹೇಳಲು ಹೊರಟ ತನುಜಾ ಅವರ ಮುಖದ ಮೇಲಿನ ಅಕ್ಕರೆ ಕಂಡು ಬಣ್ಣ ಒರೆಸಿಕೊಳ್ಳತೊಡಗಿದಳು. ಮೇಷ್ಟ್ರು ಹೇಳಿದ್ದೇ ನಿಜವಾಯಿತಲ್ಲ, ಟಿಕೆಟ್ ಕೊಂಡ ಜನ ಕರೆಯುವುದಿಲ್ಲ ಎಂದು ತನಗೆ ತಾನೇ ಹೇಳಿಕೊಂಡಳು. ಆದರೂ ಒಂದು ಸಮಾಧಾನವಿತ್ತು. ಕರೆದ ಜನ ಬೇರೆ ಇದ್ದರು. ಅರಳಸುರಳಿಯಲ್ಲಿ ಇದ್ದರು, ತೀರ್ಥಹಳ್ಳಿಯಲ್ಲಿ ಇದ್ದರು.

ಮರುದಿನ ಬೆಳಿಗ್ಗೆ ಕುಮಾರ ಫೋನ್ ಮಾಡಿದ. ಹೆಂಗಾಯ್ತು ತನಕ್ಕ ಎಂದ. ನಾಟಕ ಗೆದ್ದಿತು, ಕಡೆಗೆ ಯಾರೂ ಕರೆಯಲಿಲ್ಲ ಎಂದಳು. ಕುರ್ಚಿಯ ವಿಷಯವನ್ನೂ ಹೇಳಿದಳು. ಅವನು ನಗುತ್ತಾನೆಂದುಕೊಂಡಿದ್ದಳು.

“ಅದಕ್ಕೇ ನಾನು ಬರ್ತೀನಿ ಅಂದಿದ್ದು,” ಎಂದ.

“ಅಂದ್ರೆ?”

“ಯಾರಿಗಾದ್ರೂ ಒಬ್ರಿಗೆ ಹೇಳಿಡಬೇಕಿತ್ತು ತನಕ್ಕ. ಮೊದಲ್ನೇ ಆಟದಲ್ಲಿ ಯಾರೂ ಕರೀಲಿಲ್ವಲ್ಲ, ನೀನು ಊಟ ಬಿಟ್ಯಲ್ಲ. ಅವತ್ತು ಮೇಷ್ಟ್ರು ಹೇಳಿದ್ರು, ಬೆಳಿಗ್ಗೆ ಊರಿಗೆ ಹೋದಾಗ ಯಾರಿಗಾದ್ರೂ ಹೇಳಿಡು, ಒಬ್ರು ಕರೆದ್ರೆ ಉಳಿದೋರಿಗೂ ಧೈರ್ಯ ಬರುತ್ತೆ ಅಂತ. ನಿಂಗೆ ಹೇಳೋದು ಬೇಡ ಅಂದ್ರು. ಗೊತ್ತಾದ್ರೆ ನೀನು ಕೇಳೋ ರೀತಿ ಹಾಳಾಗುತ್ತೆ ಅಂತ.”

ತನುಜಾ ಕೋಣೆಯ ಗೋಡೆ ನೋಡುತ್ತಿದ್ದಳು. “ಎಲ್ಲಾ ಕಡೆನಾ?”

“ಹ್ಞೂಂ.”

“ಆ ಆಟೋದವನು?”

“ನಮ್ಮ ಚಿಕ್ಕಪ್ಪನ ಮಗನ ದೋಸ್ತಿ ಅವನು.”

“ಅರಳಸುರಳಿ? ಆ ಹೆಂಗಸು ಕೈಹಿಡ್ಕಂಡು ಹೋಗಿದ್ಲಲ್ಲ.”

“ಅರಳಸುರಳೀಲಿ ಯಾರಿಗೆ ಹೇಳಿದ್ದೆ ನೆನಪಿಲ್ಲ ತನಕ್ಕ. ಹೇಳಿರ್ತೀನಿ.”

ಫೋನಿಟ್ಟ ಮೇಲೆ ಅವಳು ಅಳಲಿಲ್ಲ. ಅಳುವುದಕ್ಕೆ ಒಂದು ಮುಖವಾದರೂ ಬೇಕಾಗುತ್ತದೆ, ಅವಳ ಮುಂದೆ ಒಂದೂ ನಿಲ್ಲುತ್ತಿರಲಿಲ್ಲ. ಮುದುಕ ಬಂದ, ಅವನ ಹಿಂದೆ ಬೆಳಗಿನ ಹೊತ್ತು ಕಿವಿಯಲ್ಲಿ ಏನೋ ಹೇಳುತ್ತಿರುವ ಕುಮಾರ ಕಂಡ. ಆಟೋದವನು ಬಂದ, ಹಿಂದೆ ಕುಮಾರ. ಮೇಷ್ಟ್ರ ಮೇಲೆ ಸಿಟ್ಟು ತಂದುಕೊಳ್ಳಲು ನೋಡಿದಳು. ಊಟ ಬಿಟ್ಟ ಹುಡುಗಿಯನ್ನು ಕಂಡು ಕರುಳು ಚುರ್ರೆಂದವರು ಅವರು; ನಿನ್ನೆ ಕುರ್ಚಿ ಹೊತ್ತು ಓಡಿಬಂದ ಶಿವಮೂರ್ತಿ ಮಾಡಿದ್ದೂ ಅದನ್ನೇ. ಒಬ್ಬರು ಟಿಕೆಟ್ ಇಟ್ಟು ಮಾಡಿದರು, ಒಬ್ಬರು ಇಡದೆ ಮಾಡಿದರು. ತಾನು ಯಾವ ರಂಗದ ಮೇಲೂ ಒಂದು ನಿಮಿಷ ನಿಜವಾಗಿ ಒಂಟಿಯಾಗಿ ನಿಂತಿರಲಿಲ್ಲ. ಆ ಮಾತು ಹೊಳೆದಾಗ ಅವಳಿಗೆ ಎಂದೂ ಅನಿಸದಷ್ಟು ಒಂಟಿ ಎನಿಸಿತು.

ಹನ್ನೊಂದು ಗಂಟೆಗೆ ಥೇಟರಿಗೆ ಹೋದಳು. ಕುರ್ಚಿ ಬೇಡ, ನಾನು ಕೇಳಿದ ಮೇಲೆ ಜನರನ್ನು ಅವರ ಪಾಡಿಗೆ ಬಿಡಿ ಎಂದು ಶಿವಮೂರ್ತಿಯನ್ನು ಕೇಳಿಕೊಂಡಳು. ಅವನು ಕೆಟ್ಟವನಲ್ಲ, ಆದರೆ ಊರಲ್ಲಿ ಆಗಲೇ ಕುರ್ಚಿಯ ಮಾತು ಹಬ್ಬಿತ್ತು. “ಜನ ಇವತ್ತ ಕುರ್ಚಿ ನೋಡಾಕ ಬರ್ತಾರ ಅಕ್ಕಾರ,” ಎಂದ. ಪೇಟಿ ಶುರುವಾಗುತ್ತಲೇ ಬರುತ್ತೇನೆ, ಅದರಲ್ಲಿ ಎರಡು ಮಾತಿಲ್ಲ ಎಂದು ಹೇಳಿ ಜನರೇಟರ್ ನೋಡಲು ಹೋದ.

ತನುಜಾ ವಾಸಪ್ಪನ ಹತ್ತಿರ ಹೋದಳು. ಅವನು ಒಬ್ಬನೇ ಕೂತು ಹಾರ್ಮೋನಿಯಂನ ಒಂದು ಮೊಂಡು ಸ್ವರದ ಹಿತ್ತಾಳೆ ಪಟ್ಟಿಯನ್ನು ಬಿಚ್ಚಿ ಊದುತ್ತಿದ್ದ. ಅವಳು ಕಡೆಯ ದೃಶ್ಯ ಏನು, ಅಲ್ಲಿ ಯಾಕೆ ಮಾತಿಲ್ಲ ಎಂದು ವಿವರಿಸಿದಳು. ಕುಮಾರ ಹೇಳಿದ್ದನ್ನೂ ಹೇಳಿದಳು. ಯಾಕೆ ಅವನಿಗೆ ಹೇಳಿದಳೋ ಅವಳಿಗೇ ತಿಳಿಯಲಿಲ್ಲ. ಕೇಳಿಸಿಕೊಳ್ಳಲು ಮತ್ತೆ ಯಾರಿದ್ದರು? ವಾಸಪ್ಪ ಊದುವುದನ್ನು ನಿಲ್ಲಿಸಿ ಕೇಳಿಸಿಕೊಂಡ.

“ಎಷ್ಟ ಹೊತ್ತ ಬಿಡ್ಲಿ?”

“ಗೊತ್ತಿಲ್ಲ ಮಾಸ್ತರೇ.”

“ಗೊತ್ತಿಲ್ಲಂದ್ರ ಹೆಂಗ ತಂಗಿ. ಜನಾ ಕರೀಲೇ ಇಲ್ಲಂದ್ರ?”

“ಕರೀಲಿಲ್ಲ ಅಂತ ಗೊತ್ತಾಗುತ್ತೆ. ನಂಗೆ ಅಷ್ಟೇ ಸಾಕು. ಒಂದ್ಸಲ ಗೊತ್ತಾಗಬೇಕು.”

ಅವನು ಪಟ್ಟಿಯನ್ನು ಮತ್ತೆ ಜಾಗಕ್ಕೆ ಕೂರಿಸಿ, ಸ್ವರ ಒತ್ತಿ ನೋಡಿದ. ಅದು ಇನ್ನೂ ಮೊಂಡಾಗಿಯೇ ಇತ್ತು. “ನೀ ನನ್ನ ಕಡೆ ನೋಡೂತನಕ ನಾ ಕೈ ಇಡೂದಿಲ್ಲ,” ಎಂದ. “ಪೇಟಿ ಬರಲಿಲ್ಲಂದ್ರ ಮಾಲಕರೂ ಬರೂದಿಲ್ಲ. ಆಮ್ಯಾಲ ಬೈತಾರ, ಬೈಸ್ಕೋತೇನಿ.”

ಬುಧವಾರ ಸಂಜೆ ಥೇಟರು ತುಂಬಿತು. ಹಾಡು, ಸರ್ವೆಯರ್, ಕಚೇರಿಯ ಕಿಟಕಿ. ನಿನ್ನೆಗಿಂತ ಹೆಚ್ಚೇ ನಕ್ಕರು. ತನುಜಾ ಗಂಟು ಹೊತ್ತು ಬಂದಳು. ಈ ತುದಿಯಿಂದ ಆ ತುದಿಗೆ ನಡೆದು, ನಡುವೆ ನಿಂತು ಕೇಳಿದಳು. ಕೇಳುವಾಗ ದನಿ ಒಡೆಯಿತು. ಹದಿನೇಳು ವರ್ಷದಲ್ಲಿ ಒಮ್ಮೆಯೂ ಒಡೆದಿರದ ದನಿ.

ಯಾರೂ ಏನೂ ಅನ್ನಲಿಲ್ಲ.

ವಾಸಪ್ಪ ಎರಡೂ ಕೈಗಳನ್ನು ತೊಡೆಯ ಕೆಳಗೆ ಇಟ್ಟುಕೊಂಡು ಕೂತಿದ್ದ. ಪಕ್ಕದ ಪರದೆಯಲ್ಲಿ ಶಿವಮೂರ್ತಿ ಕುರ್ಚಿ ಹಿಡಿದು, ಯಾಕೆ ಪೇಟಿ ಬರುತ್ತಿಲ್ಲ ಎಂದು ಕೈಸನ್ನೆ ಮಾಡುತ್ತಿದ್ದ. ಹಿಂದಿನಿಂದ ಒಂದು ಸಿಳ್ಳೆ ಬಂತು. ಕುರ್ಚಿ ಎಲ್ಲಪ್ಪಾ ಎಂದು ಯಾರೋ ಕೂಗಿದರು, ಒಂದಷ್ಟು ಜನ ನಕ್ಕರು, ಆ ನಗು ಮುಂದಕ್ಕೆ ಹೋಗದೆ ಅಲ್ಲೇ ಬತ್ತಿತು. ಎಲ್ಲೋ ಒಂದು ಕೂಸು ಅತ್ತು, ಅದನ್ನೆತ್ತಿಕೊಂಡು ಒಬ್ಬಳು ಹೊರಗೆ ನಡೆದಳು. ಗಂಟಿನ ಭಾರ ತನುಜಾಳ ಕುತ್ತಿಗೆಗೆ ಇಳಿಯತೊಡಗಿತು. ಅದರಲ್ಲಿ ಹಳೆಯ ಪರದೆ ಬಟ್ಟೆ ತುರುಕಿದ್ದರು, ಅಷ್ಟೇನೂ ಭಾರವಿರಲಿಲ್ಲ. ಇಷ್ಟು ಹೊತ್ತು ಅದನ್ನು ಹೊತ್ತು ನಿಂತ ರೂಢಿಯೇ ಇರಲಿಲ್ಲ ಅವಳಿಗೆ. ಇದೇ ಉತ್ತರ, ಇನ್ನು ಮಾಸ್ತರನ ಕಡೆ ನೋಡಬಹುದು ಎಂದುಕೊಂಡಳು. ಇನ್ನೊಂದು ಉಸಿರು, ನೋಡೋಣ ಎಂದುಕೊಂಡಳು.

ರಂಗದ ಬೆಳಕು ನಾಲ್ಕನೇ ಸಾಲಿನ ತನಕ ಬೀಳುತ್ತಿತ್ತು. ಮೂರನೇ ಸಾಲಿನಲ್ಲಿ ಒಬ್ಬ ಹೆಂಗಸು, ಕಂದು ಸ್ವೆಟರ್ ಹಾಕಿದವಳು, ಪಕ್ಕದ ಖಾಲಿ ಕುರ್ಚಿಯ ಮೇಲಿಟ್ಟಿದ್ದ ವ್ಯಾನಿಟಿ ಬ್ಯಾಗನ್ನು ಎತ್ತಿ ತೊಡೆಯ ಮೇಲೆ ಇಟ್ಟುಕೊಂಡಳು.

ಅಷ್ಟೇ. ತಲೆಯೆತ್ತಲಿಲ್ಲ, ಕರೆಯಲಿಲ್ಲ.

ತನುಜಾ ರಂಗದ ಅಂಚಿಗೆ ಬಂದಳು. ಕೆಳಗಿಳಿಯಲು ಮೆಟ್ಟಿಲಿರಲಿಲ್ಲ, ಕಂಪನಿಯ ರಂಗದಿಂದ ಜನರ ನಡುವೆ ಇಳಿಯುವ ಅಗತ್ಯ ಯಾರಿಗೂ ಬಿದ್ದಿರಲಿಲ್ಲ. ಗಂಟನ್ನು ಮೊದಲು ಕೆಳಗೆ ಬಿಟ್ಟಳು. ಹಲಗೆಯ ಮೇಲೆ ಕೂತು, ವಾಸಪ್ಪನ ಹೆಗಲಿಗೆ ಕೈಕೊಟ್ಟು, ತಗ್ಗಿಗಿಳಿದು, ಗಂಟನ್ನೆತ್ತಿಕೊಂಡು ಅಲ್ಲಿಂದ ಹತ್ತಿ ಕುರ್ಚಿಗಳ ನಡುವೆ ಬಂದಳು. ಜನ ಕಾಲು ಮಡಚಿಕೊಂಡು ದಾರಿ ಬಿಟ್ಟರು. ಎಲ್ಲರ ತಲೆಯೂ ಅವಳ ಕಡೆ ತಿರುಗಿತು. ಮೂರನೇ ಸಾಲಿಗೆ ಹೋಗಿ ಆ ಖಾಲಿ ಕುರ್ಚಿಯ ಮೇಲೆ ಕೂತಳು.

ಹೆಂಗಸು ಬೆಚ್ಚಿ ಸೆರಗು ಎಳೆದುಕೊಂಡಳು. ಬಾಗಿ, ಗುಟ್ಟು ಹೇಳುವವಳಂತೆ, “ಇಲ್ಲ, ಇದು ನಮ್ಮೆಜಮಾನ್ರು ಕೂರೋದು,” ಎಂದಳು. “ಕಡ್ಲೆಕಾಯಿ ತರಕ್ಕೆ ಹೋಗಿದಾರೆ. ಬಂದ್ರು ಅಂತ ಬ್ಯಾಗ್ ತೆಗೆದೆ.”

ಮುಖ ಸುಡುವ ಹಾಗಾಯಿತು ತನುಜಾಗೆ. ಏಳಬೇಕಿತ್ತು. ಏಳಲಿಲ್ಲ.

“ಅವರು ಬರೋ ತನಕ ಕೂರ್ತೀನಿ,” ಎಂದಳು. ಅದು ನಾಟಕದಲ್ಲಿ ಇದ್ದ ಮಾತಲ್ಲ.

ಹೆಂಗಸು ಅವಳ ಬಣ್ಣ ಹಚ್ಚಿದ ಮುಖವನ್ನು, ಕೊರಳಲ್ಲಿ ಇಳಿದ ಬೆವರನ್ನು ಹತ್ತಿರದಿಂದ ನೋಡಿದಳು. ಇದು ಆಟದೊಳಗಿನದೋ ಹೊರಗಿನದೋ ಎಂದು ಅವಳಿಗೆ ತಿಳಿಯದಿರಬೇಕು. ಆಮೇಲೆ ಇಬ್ಬರೂ ಮುಂದಕ್ಕೆ ನೋಡಿದರು. ರಂಗದ ಮೇಲೆ ಯಾರೂ ಇರಲಿಲ್ಲ. ಬರಿಯ ದೀಪಗಳು ಉರಿಯುತ್ತಿದ್ದವು, ಹಿಂದಿನ ಪರದೆಯಲ್ಲಿ ಬರೆದ ಬೆಟ್ಟದ ಸಾಲು ಗಾಳಿಗೆ ಮೆಲ್ಲಗೆ ಉಬ್ಬುತ್ತಿತ್ತು. ಇಲ್ಲಿಂದ ನೋಡಿದರೆ ರಂಗ ಇಷ್ಟು ದೂರ ಕಾಣುತ್ತದೆಂದು ತನುಜಾಗೆ ಗೊತ್ತಿರಲಿಲ್ಲ.

ಸಾಲಿನ ತುದಿಯಿಂದ ಒಬ್ಬ ಗಂಡಸು ಕಡಲೆಕಾಯಿ ಪೊಟ್ಟಣ ಎತ್ತಿ ಹಿಡಿದು, ಜನರ ಮೊಣಕಾಲು ದಾಟುತ್ತ ಬಂದ. ತನ್ನ ಕುರ್ಚಿಯಲ್ಲಿ ಕೂತ ಬಣ್ಣದ ಹೆಂಗಸನ್ನು ಕಂಡು ನಿಂತ. ಹೆಂಡತಿಯ ಮುಖ ನೋಡಿದ. ಹಿಂದಿನವರು ಕೂರ್ರೀ, ಕಾಣಲ್ಲ ಎಂದು ಗೊಣಗಿದರು. ತನುಜಾ ಏಳಲೆಂದು ಕುರ್ಚಿಯ ಕೈ ಹಿಡಿದಳು.

“ಒಂದ್ ನಿಮಿಷ ನಿಂತ್ಕಳ್ರೀ,” ಎಂದಳು ಹೆಂಗಸು ಗಂಡನಿಗೆ. ದನಿಯಲ್ಲಿ ಸ್ವಲ್ಪ ಸಿಡುಕಿತ್ತು. ಖಾಲಿ ರಂಗದಿಂದ ಕಣ್ಣು ತೆಗೆಯದೆ, ಪೊಟ್ಟಣಕ್ಕಾಗಿ ಕೈ ಚಾಚಿದಳು.